ಅಣ್ಣನ ನಾಲ್ಕು ಸೆಕೆಂಡು

ಅಣ್ಣ ಕೈಯಲ್ಲಿದ್ದ ಕಪ್ಪನ್ನೇ ನೋಡುತ್ತ ನಿಂತಿದ್ದ. ಹಿಡಿ ಮುರಿದ ಬಿಳಿ ಕಪ್ಪು. ಅದನ್ನು ರಟ್ಟಿನ ಡಬ್ಬಿಯೊಳಗಿಟ್ಟು, "ಇದಕ್ಕೆ ಹಿಡಿ ಇಲ್ಲ, ನನಗೇ ಇರಲಿ" ಎಂದು ಹೇಳಬೇಕಿತ್ತು. ಆ ದೃಶ್ಯದಲ್ಲಿ ಅವನ ಪಾಲಿಗೆ ಬಂದದ್ದು ಅದೊಂದೇ ಮಾತು. ಎದುರಿಗೆ ಅವನ ಹೆಂಡತಿಯ ಪಾತ್ರ ಮಾಡುತ್ತಿದ್ದ ನಟಿ ಹಳೆಯ ಪತ್ರಿಕೆಯ ಹಾಳೆಗಳನ್ನು ಮಡಚುತ್ತ ಕಾದಿದ್ದಳು. ಮೂವತ್ತು ವರ್ಷ ಒಟ್ಟಿಗೆ ಬಾಳಿದ ಗಂಡ ಹೆಂಡಿರು ಬೇರೆಯಾಗುವ ಮುಂಚೆ ಮನೆಯ ಸಾಮಾನು ಹಂಚಿಕೊಳ್ಳುವುದೇ ಸಿನಿಮಾದ ಕತೆ. ಚಿತ್ರೀಕರಣಕ್ಕೆಂದು ಬಾಡಿಗೆಗೆ ಹಿಡಿದ ಎರಡನೇ ಮಹಡಿಯ ಆ ಅಡುಗೆಮನೆಯಲ್ಲಿ ಹನ್ನೊಂದು ಜನ ಗೋಡೆಗೆ ಅಂಟಿಕೊಂಡು, ಉಗುಳನ್ನೂ ನುಂಗದೆ ನಿಂತಿದ್ದರು.

ಹತ್ತು ಸೆಕೆಂಡು ಕಳೆಯಿತು. ಇಪ್ಪತ್ತಾಯಿತು. ಅಣ್ಣ ಕಪ್ಪನ್ನು ಕಿಟಕಿಯ ಬೆಳಕಿಗೆ ಹಿಡಿದ, ಒಂದು ಸುತ್ತು ತಿರುಗಿಸಿದ, ಮುರಿದ ಹಿಡಿಯ ಮೊಂಡು ತುದಿಯನ್ನು ಹೆಬ್ಬೆರಳಿಂದ ಸವರಿದ. ಆಮೇಲೆ ಅದನ್ನು ಡಬ್ಬಿಯೊಳಗಲ್ಲ, ಮೇಜಿನ ಮೇಲೆ, ಇದ್ದಲ್ಲಿಯೇ ಇಟ್ಟುಬಿಟ್ಟ. ಮಾತೇ ಆಡಲಿಲ್ಲ. ನಟಿಯ ಕಣ್ಣು ತುಂಬಿಕೊಂಡಿತು. ನಡುಮನೆಯಲ್ಲಿ ಸಣ್ಣ ಸ್ಟೂಲಿನ ಮೇಲೆ, ಮಾನಿಟರಿಗೆ ಮೂಗು ತಾಗುವಷ್ಟು ಬಾಗಿ ಕೂತಿದ್ದ ನಿರ್ದೇಶಕ, ಅಣ್ಣನ ಸ್ವಂತ ತಮ್ಮ, ಇನ್ನೂ ಒಂದಷ್ಟು ಹೊತ್ತು ಕಾದು, ಮೆಲ್ಲಗೆ "ಕಟ್" ಎಂದ.

ಎಲ್ಲರೂ ಒಮ್ಮೆಲೇ ಉಸಿರುಬಿಟ್ಟರು. ಕ್ಯಾಮೆರಾದವನು ತಲೆಯಾಡಿಸುತ್ತ, ಇದನ್ನು ಬರೆದು ಮಾಡಿಸಲು ಆಗುತ್ತಿರಲಿಲ್ಲ ಎಂದ. ನಿರ್ದೇಶಕನಿಗೂ ಹಾಗೇ ಅನಿಸಿತ್ತು. ಬರೆದ ಮಾತಿಗಿಂತ ಅಣ್ಣ ಬಿಟ್ಟ ಮಾತೇ ದೊಡ್ಡದು. ಈ ಸಿನಿಮಾ ಎದ್ದು ನಿಲ್ಲುವುದಿದ್ದರೆ ಈ ಕಪ್ಪಿನ ಮೇಲೇ. ಎದ್ದುಹೋಗಿ ಅಣ್ಣನ ಬೆನ್ನು ತಟ್ಟಿದ. ಅಣ್ಣ ನಕ್ಕ. ಯಾವಾಗಲೂ ನಗುವ ಹಾಗೆ, ಬಾಯಿ ತೆರೆಯದೆ.

ಮೂಲೆಯಲ್ಲಿ ಗಡಿಯಾರದಕ್ಕ ಮಾತ್ರ ತಲೆ ಎತ್ತಲಿಲ್ಲ. ಕೊರಳಿಗೆ ಸದಾ ಸ್ಟಾಪ್‌ವಾಚ್ ನೇತುಹಾಕಿಕೊಂಡಿರುತ್ತಿದ್ದುದರಿಂದ ಅವಳಿಗೆ ಆ ಹೆಸರು. ಯಾವ ಟೇಕಿನಲ್ಲಿ ಯಾರು ಯಾವ ಕೈಯಲ್ಲಿ ಏನು ಹಿಡಿದಿದ್ದರು, ಯಾವ ಗುಂಡಿ ಬಿಚ್ಚಿತ್ತು, ಮಾತು ಮಾತಿನ ನಡುವೆ ಎಷ್ಟು ಹೊತ್ತು ಹೋಯಿತು ಎಂಬುದನ್ನೆಲ್ಲ ಬರೆದಿಡುವುದು ಅವಳ ಕೆಲಸ. ಮೊದಲ ಸಿನಿಮಾದಿಂದ ಜೊತೆಗಿದ್ದವಳು. ಅವಳು ಪುಸ್ತಕದಲ್ಲಿ 41 ಎಂದು ಬರೆದು, ಅದರ ಕೆಳಗೆ ಗೆರೆ ಎಳೆದು, ಆ ಗೆರೆಯನ್ನೇ ನೋಡುತ್ತ ಕೂತಳು.

ನಿರ್ದೇಶಕನ ಸಿನಿಮಾ ಮೆಚ್ಚುವವರು ಕಡಿಮೆ. ಮೆಚ್ಚಿದವರು ಮಾತ್ರ ತಲೆಯ ಮೇಲೆ ಹೊತ್ತು ತಿರುಗುವವರು. ಇಪ್ಪತ್ತಾರು ವರ್ಷಕ್ಕೆ ಏಳು ಸಿನಿಮಾ, ಇದು ಎಂಟನೆಯದು. ಪ್ರತಿಯೊಂದರಲ್ಲೂ ಒಂದು ಮನೆ, ಮೂರೋ ನಾಲ್ಕೋ ಜನ. ಕ್ಯಾಮೆರಾ ಯಾವತ್ತೂ ಕುರ್ಚಿಯಲ್ಲಿ ಕೂತ ಮನುಷ್ಯನ ಕಣ್ಣಿನೆತ್ತರಕ್ಕೇ ಇರಬೇಕು. ಯಾರೂ ಸಾಯುವುದಿಲ್ಲ, ಯಾರೂ ಕೂಗಾಡುವುದಿಲ್ಲ. ಪಕ್ಕದ ಕೋಣೆಯಲ್ಲಿ ಯಾರೋ ಫೋನಿನಲ್ಲಿ ಯಾರದೋ ಬದುಕು ಮುರಿಯುತ್ತಿರುತ್ತಾರೆ. ಕ್ಯಾಮೆರಾ ಈಚೆಯ ಕೋಣೆಯಲ್ಲಿ ಅಂಗಿಗೆ ಇಸ್ತ್ರಿ ಹಾಕುವವನನ್ನು ಬಿಟ್ಟು ಕದಲುವುದಿಲ್ಲ. ಸಂಗೀತವಿಲ್ಲ. ಎಲ್ಲಕ್ಕಿಂತ ಮುಖ್ಯವಾಗಿ, ಮಾತು ಮುಗಿಯಿತೆಂದು ಅವನು ಕಟ್ ಹೇಳುವುದಿಲ್ಲ. ಮಾತು ಮುಗಿದ ಮೇಲೆ ಮುಖದಲ್ಲಿ ಉಳಿಯುವುದೇ ಅವನಿಗೆ ಬೇಕಾದದ್ದು. ಮೊದಲ ಸಿನಿಮಾಕ್ಕೆ ಹಣ ಹಾಕಿದವರು, ನಿಮ್ಮ ಸಿನಿಮಾದಲ್ಲಿ ಒಬ್ಬ ಕೇಳಿ ಇನ್ನೊಬ್ಬ ಉತ್ತರ ಕೊಡೋ ಹೊತ್ತಿಗೆ ನಾನು ಹೊರಗೆ ಹೋಗಿ ಟೀ ಕುಡಿದು ಬರಬಹುದು ಎಂದು ಕಾಲೆಳೆದಿದ್ದರು. ಹೋಗಿ ಬನ್ನಿ, ಅವರು ಅಲ್ಲೇ ಇರ್ತಾರೆ ಎಂದು ಇವನು ಹೇಳಿದ್ದ.

ಅವನ ಸೆಟ್ಟಿನಲ್ಲಿ ಎರಡೇ ಕಟ್ಟಳೆ. ಅವನು ಕಟ್ ಹೇಳುವ ತನಕ ಯಾರೂ ಅಲುಗಾಡಬಾರದು. ಮರೆತವರಿಗೆ ಯಾರೂ ಮಾತು ಎತ್ತಿಕೊಡಬಾರದು. ಮರೆತರೆ ಮರೆಯಲಿ, ಮರೆತಾಗ ಮನುಷ್ಯ ಏನು ಮಾಡುತ್ತಾನೆ ಎಂಬುದನ್ನು ಯಾವ ಸಂಭಾಷಣೆಕಾರನೂ ಬರೆಯಲಾರ ಎನ್ನುತ್ತಿದ್ದ.

ಇದೆಲ್ಲ ಎಲ್ಲಿಂದ ಬಂತು ಎಂದು ಕೇಳಿದವರಿಗೆ ಅವನು ಹೇಳುತ್ತಿದ್ದುದು ಒಂದೇ ಕತೆ. ಅಣ್ಣ ತಮ್ಮಂದಿರ ಅಪ್ಪ ಪತ್ರಿಕೆಯ ಮುದ್ರಣಾಲಯದಲ್ಲಿ ರಾತ್ರಿ ಪಾಳಿಯವರು. ಹಗಲೆಲ್ಲ ಮಲಗಬೇಕು. ಇದ್ದದ್ದು ಒಂದೇ ಕೋಣೆ. ಅಪ್ಪ ಗೋಡೆಯ ಕಡೆ ಮುಖ ಮಾಡಿ ಮಲಗಿದರೆ, ಅಮ್ಮ ಹೊಲಿಗೆ ಕೆಲಸಕ್ಕೆ ಹೋದ ಮೇಲೆ, ಇಬ್ಬರು ಹುಡುಗರು ಸದ್ದಿಲ್ಲದೆ ದಿನ ಕಳೆಯಬೇಕು. ಅವರದೇ ಸನ್ನೆಗಳಿದ್ದವು. ಅಂಗೈ ಕೆಳಮುಖ ಮಾಡಿದರೆ ಅಪ್ಪ ಮಲಗಿದ್ದಾರೆ. ಒಂದು ಬೆರಳು ಎತ್ತಿದರೆ ಮಗ್ಗುಲು ಬದಲಿಸುತ್ತಿದ್ದಾರೆ, ಹುಷಾರು. ಅಂಗೈ ಮೇಲ್ಮುಖವಾದರೆ ಎದ್ದರು, ಇನ್ನು ಮಾತಾಡಬಹುದು. ಮಾತು ಕಲಿಯುವ ವಯಸ್ಸಿನಲ್ಲಿ ಇವರು ಮಾತು ನುಂಗುವುದನ್ನು ಕಲಿತರು. ತಮ್ಮನ ಕಾಲು ಮಾತ್ರ ಕೇಳುತ್ತಿರಲಿಲ್ಲ, ಕೂತಲ್ಲಿ ನೆಲ ಕುಟ್ಟುತ್ತಿತ್ತು. ಆಗ ಅಣ್ಣ ಅವನ ಮಂಡಿಯ ಮೇಲೆ ಕೈ ಇಡುತ್ತಿದ್ದ. ಒತ್ತುತ್ತಿರಲಿಲ್ಲ, ಸುಮ್ಮನೆ ಇಡುತ್ತಿದ್ದ, ಕಾಲು ನಿಲ್ಲುತ್ತಿತ್ತು.

"ಅಣ್ಣ ಸುಮ್ಮನಿದ್ದರೆ ಏನು ಹೇಳ್ತಿದ್ದಾನೆ ಅಂತ ನನಗೆ ಗೊತ್ತಾಗುತ್ತೆ" ಎಂದು ಅವನು ಒಂದು ಸಂದರ್ಶನದಲ್ಲಿ ಹೇಳಿದ್ದನ್ನು ಪತ್ರಿಕೆಯವರು ದಪ್ಪಕ್ಷರದಲ್ಲಿ ಹಾಕಿದ್ದರು.

ಅಣ್ಣ ನಟನಾಗಬೇಕೆಂದು ಹೊರಟವನಲ್ಲ. ಕನ್ನಡಕದ ಅಂಗಡಿಯಲ್ಲಿ ಗಾಜು ಉಜ್ಜುವ ಕೆಲಸ. ಮೊದಲ ಸಿನಿಮಾದ ನಾಯಕ ಶುರುವಿಗೆ ಎರಡು ದಿನ ಇರುವಾಗ ಕೈಕೊಟ್ಟ. ತಮ್ಮ ಕೈಚೆಲ್ಲಿ ಕೂತದ್ದನ್ನು ನೋಡಿ, ನಾನು ಸುಮ್ಮನೆ ನಿಂತರೆ ಆಗುತ್ತದೆಯೇ ಎಂದು ಅಣ್ಣನೇ ಕೇಳಿದ. ನಿಂತ. ಅಂಗಡಿಯಲ್ಲಿ ಉಜ್ಜಿದ ಗಾಜನ್ನು ಬೆಳಕಿಗೆ ಹಿಡಿದು, ನಾಲ್ಕು ಎಣಿಸುವಷ್ಟು ಹೊತ್ತು ನೋಡಿ, ಆಮೇಲೆ ಇಲ್ಲಿ ಗೀರಿದೆ ಎಂದೋ ಸರಿಯಿದೆ ಎಂದೋ ಹೇಳುವ ಅಭ್ಯಾಸವಿತ್ತಲ್ಲ, ಅದನ್ನೇ ಕ್ಯಾಮೆರಾ ಮುಂದೆ ತಂದ. ಯಾರು ಏನು ಕೇಳಿದರೂ ಮಾತನ್ನು ಬೆಳಕಿಗೆ ಹಿಡಿದು ನೋಡಿದ ಹಾಗೆ ತುಸು ತಡೆದು ಉತ್ತರ ಕೊಡುವುದು. ವಿಮರ್ಶಕರು ಆ ತಡೆಯ ಬಗ್ಗೆ ಪುಟಗಟ್ಟಲೆ ಬರೆದರು. ಕನ್ನಡಕದಣ್ಣ ಎಂಬ ಹೆಸರು ಸೆಟ್ಟಿನಿಂದ ಹೊರಗೂ ಹರಡಿತು. ಈಗ ಅರವತ್ತಾರು ವಯಸ್ಸು. ಈಚಿನ ಎರಡು ಸಿನಿಮಾಗಳಲ್ಲಿ ಆ ತಡೆ ಇನ್ನೂ ಆಳವಾಗಿದೆ, ಕಲಾವಿದ ಮಾಗಿದ್ದಾನೆ ಎಂದೇ ಎಲ್ಲರ ಮಾತು. ತಮ್ಮನದೂ.

ಊಟದ ಹೊತ್ತಿಗೆ ಗಡಿಯಾರದಕ್ಕ ಅವನನ್ನು ಬಟ್ಟೆಬರೆ ಇಟ್ಟಿದ್ದ ಚಿಕ್ಕ ಕೋಣೆಗೆ ಕರೆದಳು. ಕೈಯಲ್ಲಿ ಎಂಟು ಪುಸ್ತಕಗಳ ಕಟ್ಟು. ಹಳೆಯವು ಮನೆಯಲ್ಲಿರುತ್ತಿದ್ದವು, ಇವತ್ತಿಗಾಗಿಯೇ ಹೊತ್ತು ತಂದಿದ್ದಳೆಂದು ಅವನಿಗೆ ಆಮೇಲೆ ಹೊಳೆಯಿತು. ಇಸ್ತ್ರಿ ಮೇಜಿನ ಮೇಲೆ ಅವನ್ನು ಸಾಲಾಗಿ ಬಿಚ್ಚಿಟ್ಟಳು. ಮೊದಲ ಸಿನಿಮಾ: ಅಣ್ಣನ ಒಂದು ಮಾತಿಗೆ ಆರು ಟೇಕು, ಮಾತಿಗೆ ಮುಂಚಿನ ತಡೆ ಸೆಕೆಂಡಿನಲ್ಲಿ. ನಾಲ್ಕು, ನಾಲ್ಕು, ನಾಲ್ಕು, ಐದು, ನಾಲ್ಕು, ನಾಲ್ಕು. ಮೂರನೆಯದರಲ್ಲಿ ದೃಶ್ಯಕ್ಕೆ ಬೇಕೆಂದು ಇವನೇ ಕೇಳಿದ್ದ ಏಳು ಸೆಕೆಂಡು. ಏಳು, ಏಳು, ಏಳು. ಐದನೆಯದರಲ್ಲೂ ಗೀಟು ಹಾಕಿದ ಹಾಗೆ. ಆರನೆಯದರಿಂದ ಸಾಲು ಕೆಟ್ಟಿತ್ತು. ಒಂಬತ್ತು, ಮೂವತ್ತೊಂದು, ಹನ್ನೆರಡು. ಏಳನೆಯದು ಇನ್ನೂ ಕೆಟ್ಟಿತ್ತು. ಇವತ್ತಿನ ಪುಟದಲ್ಲಿ ಅದೇ ಕಪ್ಪಿನ ದೃಶ್ಯಕ್ಕೆ ನಲವತ್ತೊಂದು, ಆಮೇಲೆ ಮೈಕಿನ ಸದ್ದಿನಿಂದ ಮತ್ತೆ ತೆಗೆದಾಗ ಹನ್ನೊಂದು, ಆಮೇಲೆ ಐವತ್ತೆಂಟು.

ಅವನು ನೋಡಿ, ಅಣ್ಣ ಒಂದೊಂದು ಸಲ ಒಂದೊಂದು ಥರ ಹುಡುಕುತ್ತಿದ್ದಾನೆ, ಅದು ಒಳ್ಳೆಯದೇ ಎಂದ.

"ಬೇಕಂತ ಸುಮ್ನಿರೋರು ಎರಡನೇ ಸಲಾನೂ ಅಷ್ಟೇ ಸುಮ್ನಿರ್ತಾರೆ ಸಾರ್" ಎಂದಳು ಅವಳು. "ಕನ್ನಡಕದಣ್ಣ ಮೊದಲೆಲ್ಲ ನನ್ನ ವಾಚಿಗಿಂತ ಕರೆಕ್ಟು."

ಅವನು ಗೂಟಕ್ಕೆ ನೇತುಹಾಕಿದ್ದ ಅಣ್ಣನ ಪಾತ್ರದ ಕೋಟಿನ ತೋಳನ್ನು ಸುಮ್ಮನೆ ನೇರ ಮಾಡಿದ. ಅವಳೇ ಮುಂದುವರಿಸಿ, ಬೆಳಿಗ್ಗೆ ಆ ಟೇಕು ಮುಗಿದ ಮೇಲೆ ಅಣ್ಣ ತನ್ನ ಬಳಿ ಬಂದು, ನಾನು ಏನು ಹೇಳಬೇಕಿತ್ತಮ್ಮಾ ಎಂದು ಕೇಳಿದರೆಂದೂ, ಹೇಳಿಕೊಡಬಾರದೆಂಬ ಕಟ್ಟಳೆ ಇರುವುದರಿಂದ ತಾನು ಬಾಯಿಗೆ ಬೀಗ ಹಾಕಿಕೊಂಡೆನೆಂದೂ ಹೇಳಿದಳು. ಹಾಗೆ ಕೇಳಿದ್ದು ಇದೇ ಮೊದಲಲ್ಲವಂತೆ. ಹೋದ ಸಿನಿಮಾದಲ್ಲೂ ಕೇಳುತ್ತಿದ್ದರಂತೆ.

ಸಂಜೆ ಆರಕ್ಕೆ ಕೆಲಸ ಮುಗಿದಾಗ ಅಣ್ಣನನ್ನು ತಾನೇ ಕಾರಿನಲ್ಲಿ ಮನೆಗೆ ಬಿಟ್ಟ. ದಾರಿಯುದ್ದಕ್ಕೂ ಕೇಳಬೇಕೆಂದು ಬಾಯಿ ತೆರೆಯುವುದು, ಕೆಂಪು ದೀಪ ಬಿದ್ದರೆ ಮುಚ್ಚುವುದು, ಹಸಿರು ಬಿದ್ದರೆ ಗೇರು ಹಾಕುವುದು. ಅಣ್ಣ ಅಂಗಡಿಗಳ ಹೆಸರು ಹಲಗೆಗಳನ್ನು ಒಂದೊಂದಾಗಿ ತುಟಿಯಲ್ಲೇ ಓದುತ್ತ ಕೂತಿದ್ದ. ಆ ಸುಮ್ಮನಿರುವಿಕೆಯಲ್ಲಿ ಏನಿದೆ ಎಂದು ತಮ್ಮ ಕದ್ದು ಕದ್ದು ನೋಡಿದ. ಏನೂ ತಿಳಿಯಲಿಲ್ಲ. ಮೊದಲೆಲ್ಲ ತಿಳಿಯುತ್ತಿತ್ತೇ, ಅಥವಾ ತಾನೇ ಅದಕ್ಕೆ ಅರ್ಥ ಹಚ್ಚುತ್ತಿದ್ದೆನೇ ಎಂಬ ಯೋಚನೆ ಬಂದಾಗ ಕಣ್ಣನ್ನು ರಸ್ತೆಗೆ ತಿರುಗಿಸಿಕೊಂಡ.

ಅತ್ತಿಗೆ ಬಾಗಿಲು ತೆಗೆದರು. ಇವನಿಗೆ ಹದಿನೇಳಿರುವಾಗ ಆ ಮನೆಗೆ ಬಂದವರು. ಊರಿಗೆಲ್ಲ ದೊಡ್ಡ ನಿರ್ದೇಶಕನಾದರೂ ಅವರಿಗೆ ಇವನು ಒದ್ದೆ ಟವಲನ್ನು ನೆಲಕ್ಕೆಸೆಯುವ ಮೈದುನನೇ. ಅಣ್ಣನಿಗೆ ಚಪ್ಪಲಿ ಬಿಡಲು ಹೇಳಿ, ಸ್ನಾನಕ್ಕೆ ಕಳಿಸಿ, ಬಚ್ಚಲಿನ ಬಾಗಿಲ ಹೊರಗೆ ನಿಂತು, ನೀರು ತಿರುಗಿಸಿ, ಹಾಂ, ಬಲಕ್ಕೆ, ಎಂದು ಒಂದೊಂದಾಗಿ ಹೇಳಿ, ಒಳಗೆ ನೀರಿನ ಸದ್ದು ಕೇಳಿದ ಮೇಲೇ ಈಚೆ ಬಂದು ಕೂತರು. ಆ ಹೇಳುವಿಕೆ ಎಷ್ಟು ಪಳಗಿದ್ದಿತೆಂದರೆ, ಅದಕ್ಕೆ ಬಹಳ ದಿನ ಆಗಿರಬೇಕೆಂದು ಅವನಿಗೆ ಗೊತ್ತಾಯಿತು.

ಡಾಕ್ಟರಿಗೆ ತೋರಿಸಿದ್ದೀರಾ ಎಂದು ಕೇಳಿದ. ತೋರಿಸಿ ಒಂದು ವರ್ಷದ ಮೇಲಾಯಿತು ಎಂದರು. ಈ ಮರೆವು ಗುಣವಾಗುವ ಪೈಕಿ ಅಲ್ಲ, ನಿಧಾನ ಮಾಡಬಹುದು ಅಷ್ಟೇ. ಇನ್ನೂ ಮುಂಚೆ ಬಂದಿದ್ದರೆ ಇನ್ನಷ್ಟು ನಿಧಾನ ಮಾಡಬಹುದಿತ್ತಂತೆ. ನನಗೇಕೆ ಹೇಳಲಿಲ್ಲ ಅತ್ತಿಗೆ ಎಂದ. ಕೇಳಿದ ಕೂಡಲೇ ಆ ಪ್ರಶ್ನೆ ತನ್ನ ಬಾಯಿಗೆ ಬರಬಾರದಿತ್ತು ಎನಿಸಿತು, ಯಾಕೆಂದರೆ ನೆನಪು ಅಷ್ಟರಲ್ಲಿ ಬಂದಾಗಿತ್ತು.

"ಹೇಳಿದ್ದೆ" ಎಂದರು ಅತ್ತಿಗೆ. "ಫೋನ್ ಮಾಡಿ ಕರೆಸಿದ್ದೆ. ನಲ್ಲಿ ಮೇಲೆ ಕೈ ಇಟ್ಕೊಂಡು ಹಾಗೇ ನಿಂತುಬಿಡ್ತಾರೆ, ನೀನೊಂದ್ಸಲ ಬಂದು ನೋಡು ಅಂದೆ. ನೀನು ಬಂದೆ. ಅರ್ಧ ದಿನ ಕೂತು ನೋಡ್ದೆ. ಹೋಗಿ ಸಿನಿಮಾ ಮಾಡ್ದೆ."

ಮೂರು ವರ್ಷದ ಹಿಂದಿನ ಮಧ್ಯಾಹ್ನ. ಆವತ್ತು ಅಣ್ಣ ಪಾತ್ರೆ ತೊಳೆಯುವ ಜಾಗದಲ್ಲಿ, ನಲ್ಲಿಯ ಮೇಲೆ ಕೈಯಿಟ್ಟು, ತಿರುಗಿಸದೆ, ಕಿಟಕಿಯಾಚೆ ನೋಡುತ್ತ ನಿಂತಿದ್ದ. ಬಾಗಿಲ ಸಂದಿನಿಂದ ನೋಡಿದ ತಮ್ಮನಿಗೆ ಮೈ ಜುಮ್ಮೆಂದಿತ್ತು. ಒಬ್ಬ ಮನುಷ್ಯನ ಇಡೀ ಬದುಕು ಆ ತಿರುಗಿಸದ ಕೈಯಲ್ಲಿದೆ ಎನಿಸಿತ್ತು. ಅತ್ತಿಗೆಗೆ, ಅವನು ಮೊದಲಿಂದಲೂ ಹಾಗೇ ಅಲ್ಲವೇ, ಅದೇ ಅವನ ಶಕ್ತಿ, ನೀವು ಸುಮ್ಮನೆ ಗಾಬರಿಯಾಗಬೇಡಿ ಎಂದು ಹೇಳಿ, ಮನೆಗೆ ಹೋಗಿ ಒಂದೇ ಉಸಿರಿಗೆ ಆ ದೃಶ್ಯ ಬರೆದಿದ್ದ. ಏಳನೇ ಸಿನಿಮಾದಲ್ಲಿ ಎಲ್ಲರೂ ಎದ್ದು ನಿಂತು ಚಪ್ಪಾಳೆ ತಟ್ಟಿದ್ದು ಅದಕ್ಕೇ. ಮೊದಲ ಪ್ರದರ್ಶನದ ದಿನ ಅತ್ತಿಗೆ ಅಣ್ಣನ ಪಕ್ಕದಲ್ಲೇ ಕೂತಿದ್ದರು. ದೀಪ ಹತ್ತಿದಾಗ ಅವರ ಮುಖ ಸಪ್ಪಗಿತ್ತು. ಸಿನಿಮಾ ನಾಟಿದೆ ಎಂದುಕೊಂಡಿದ್ದ.

"ಥಿಯೇಟರಲ್ಲಿ ಅಷ್ಟು ಜನ ನೋಡಿದ್ರು. ಒಬ್ರಿಗಾದ್ರೂ ಅನ್ನಿಸ್ಬೇಕಲ್ವಾ, ಪಾಪ ಈ ಮನುಷ್ಯನಿಗೆ ಏನೋ ಆಗಿದೆ ಅಂತ" ಎಂದರು. ಸಿಟ್ಟಿರಲಿಲ್ಲ ದನಿಯಲ್ಲಿ. ಸಿಟ್ಟಿದ್ದಿದ್ದರೆ ಹಿಡಿದುಕೊಳ್ಳಲು ಏನಾದರೂ ಸಿಗುತ್ತಿತ್ತು.

ನಾಳೆಯಿಂದಲೇ ನಿಲ್ಲಿಸಿಬಿಡುತ್ತೇನೆ ಎಂದ ಅವನು. ಹಣ ಹಾಕಿದವರಿಗೆ ಏನಾದರೂ ಹೇಳಿಕೊಳ್ಳುತ್ತೇನೆ, ಬಾಕಿ ಇರುವುದು ಕೊನೆಯ ದೃಶ್ಯ ಒಂದೇ, ಅದಿಲ್ಲದೆ ಸಿನಿಮಾ ಇಲ್ಲ, ಹೋದರೆ ಹೋಗಲಿ ಎಂದ. ಹೇಳುತ್ತ ಹೇಳುತ್ತ ಅವನಿಗೆ ಒಂದು ಬಗೆಯ ಹಗುರ ಎನಿಸತೊಡಗಿತ್ತು. ಅತ್ತಿಗೆ ಅದಕ್ಕೂ ಆಸ್ಪದ ಕೊಡಲಿಲ್ಲ.

"ನಿಲ್ಲಿಸಿದ್ರೆ ಇವರು ಬೆಳಿಗ್ಗೆ ಯಾಕೆ ಏಳ್ಬೇಕು ಹೇಳು. ಆರಕ್ಕೇ ಎದ್ದು ತಲೆ ಬಾಚ್ಕೊಂಡು ಕೂತಿರ್ತಾರೆ, ಪುಟ್ಟನ ಶೂಟಿಂಗು ಅಂತ. ನನ್ ಹೆಸರು ಒಂದೊಂದಿನ ಬರಲ್ಲ. ಅದು ಮಾತ್ರ ಮರ್ತಿಲ್ಲ."

ಬಚ್ಚಲಲ್ಲಿ ನೀರಿನ ಸದ್ದು ನಿಂತಿರಲಿಲ್ಲ. ಅತ್ತಿಗೆ ಎದ್ದುಹೋಗಿ, ಸಾಕು, ನಿಲ್ಸಿ, ಎಡಕ್ಕೆ, ಎಂದರು.

ಮರುದಿನ ಕೊನೆಯ ದೃಶ್ಯ. ಸಾಮಾನೆಲ್ಲ ಹೋಗಿ ಖಾಲಿಯಾದ ನಡುಮನೆಯಲ್ಲಿ ಎರಡು ಮಡಚುವ ಕುರ್ಚಿ ಉಳಿದಿರುತ್ತವೆ. ಗಂಡ ಬರುತ್ತಾನೆ, ಒಂದು ಕುರ್ಚಿಯ ಬೆನ್ನು ಹಿಡಿದು ನಿಲ್ಲುತ್ತಾನೆ, "ಈ ಕುರ್ಚಿ ನೀನೇ ಇಟ್ಕೋ" ಎನ್ನುತ್ತಾನೆ. ಸಿನಿಮಾದ ಕೊನೆಯ ಮಾತು ಅದು. ಅಷ್ಟು ಹೇಳಿಬಿಟ್ಟರೆ ಅಣ್ಣನ ಕೆಲಸ ಮುಗಿಯುತ್ತದೆ. ಮುಗಿಸಿದವನಾಗಿ ಮನೆಗೆ ಹೋಗುತ್ತಾನೆ. ನಿರ್ದೇಶಕನಿಗೆ ಈಗ ಬೇಕಿದ್ದದ್ದು ಅಷ್ಟೇ. ಇಪ್ಪತ್ತಾರು ವರ್ಷದಲ್ಲಿ ಮೊದಲ ಸಲ ಅವನಿಗೆ ಮೌನ ಬೇಡವಾಗಿತ್ತು, ಬರೆದ ಮಾತು ಬೇಕಾಗಿತ್ತು.

ಬೆಳಿಗ್ಗೆ ಮುಖಕ್ಕೆ ಬಣ್ಣ ಹಚ್ಚಿಸಿಕೊಳ್ಳುತ್ತ ಕೂತಿದ್ದ ಅಣ್ಣ, ಕನ್ನಡಿಯೊಳಗಿಂದಲೇ ಅವನನ್ನು ನೋಡಿ ಮೆಲ್ಲಗೆ ಕೇಳಿದ:

"ಪುಟ್ಟ, ಇವತ್ತು ಎಷ್ಟು ಹೊತ್ತು ಸುಮ್ನಿರ್ಲಿ?"

"ನಾಲ್ಕು ಎಣಿಸಿ ಹೇಳ್ಬಿಡಣ್ಣ. ಸಾಕು."

"ನಾಲ್ಕೇನಾ?" ಎಂದ ಅಣ್ಣ, ಸ್ವಲ್ಪ ನಿರಾಸೆಯಾದವನ ಹಾಗೆ. ಆಮೇಲೆ ಅಂಗಿಯ ಜೇಬಿನಿಂದ ಒಂದು ಚೀಟಿ ತೆಗೆದು ತೋರಿಸಿದ. ಈ ಕುರ್ಚಿ ನೀನೇ ಇಟ್ಕೋ ಎಂದು ಅತ್ತಿಗೆಯ ದುಂಡು ಅಕ್ಷರದಲ್ಲಿ ಬರೆದಿತ್ತು. ಕದ್ದು ತಂದವನಂತೆ ಅಣ್ಣ ಅದನ್ನು ತಟ್ಟನೆ ಒಳಗಿಟ್ಟುಕೊಂಡ. "ನಿಮ್ ಡೈರೆಕ್ಟರಿಗೆ ಹೇಳ್ಬೇಡ, ಬೈತಾನೆ" ಎಂದು ಕಣ್ಣು ಮಿಟುಕಿಸಿದ. ಅದು ತಮಾಷೆಯೋ, ತನ್ನನ್ನು ಇನ್ನಾರೋ ಎಂದುಕೊಂಡನೋ ಎಂದು ತಮ್ಮನಿಗೆ ಕೊನೆಗೂ ಗೊತ್ತಾಗಲಿಲ್ಲ. ಕೇಳುವ ಧೈರ್ಯವೂ ಬರಲಿಲ್ಲ.

ಅವನು ಕಟ್ಟಳೆ ಮುರಿದ. ಕುರ್ಚಿಯ ಬೆನ್ನಿನ ಹಿಂಭಾಗದಲ್ಲಿ, ಕ್ಯಾಮೆರಾಕ್ಕೆ ಕಾಣದ, ಅಣ್ಣನ ಕಣ್ಣಿಗೆ ಮಾತ್ರ ಬೀಳುವ ಕಡೆ, ಸೀಮೆಸುಣ್ಣದಲ್ಲಿ ಆ ಮಾತನ್ನು ದಪ್ಪಗೆ ಬರೆದ. ಕ್ಯಾಮೆರಾದವನು ನೋಡಿಯೂ ನೋಡದವನಂತೆ ಲೆನ್ಸ್ ಒರೆಸುತ್ತ ನಿಂತ. ಗಡಿಯಾರದಕ್ಕ ಬಳಿ ಬಂದು, ತಾನು ಬೇಕಾದರೆ ಬಾಗಿಲ ಮರೆಯಲ್ಲಿ ನಿಂತು ಮೆಲ್ಲಗೆ ಹೇಳಿಕೊಡಲೇ ಎಂದಳು. ಬೇಡ, ಓದುತ್ತಾನೆ, ಅಂಗಡಿ ಹಲಗೆಗಳನ್ನೆಲ್ಲ ನಿನ್ನೆ ಓದಿದ ಎಂದ. ಪೆನ್ಸಿಲಿನಿಂದ ಎರಡು ಸಲ ಸ್ಟೂಲಿಗೆ ಕುಟ್ಟಿದ. ಶುರುಮಾಡಲು ಅವನು ಯಾವತ್ತೂ ಹೇಳುತ್ತಿದ್ದ ರೀತಿ ಅದು.

ಅಣ್ಣ ಬಂದ. ನಡೆದು ಬಂದ ರೀತಿ, ನಿಂತ ಜಾಗ, ಕುರ್ಚಿ ಹಿಡಿದ ಕೈ, ಒಂದೂ ತಪ್ಪಲಿಲ್ಲ. ಎದುರಿಗೆ ನೆಲದ ಮೇಲೆ ಕೂತಿದ್ದ ನಟಿ ತಲೆ ಎತ್ತಿ ಅವನನ್ನು ನೋಡಿದಳು. ಒಂದು, ಎರಡು, ಮೂರು, ನಾಲ್ಕು.

ಐದು.

ಅಣ್ಣನ ಕಣ್ಣು ಕೆಳಗಿಳಿದು ಕುರ್ಚಿಯ ಬೆನ್ನಿಗೆ ಬಂತು. ಬರಹ ಕಂಡಿತು. ಮಾನಿಟರಿನಲ್ಲಿ ಆ ಮುಖ ಗಾಜು ಉಜ್ಜುವವನ ಮುಖವಾಗುವುದನ್ನು ತಮ್ಮ ನೋಡಿದ. ತಲೆ ತುಸು ವಾರೆ ಮಾಡಿ, ಕುರ್ಚಿಯನ್ನು ಬೆಳಕಿನ ಕಡೆ ಒಂದಿಷ್ಟು ತಿರುಗಿಸಿ, ಅಣ್ಣ ಅದನ್ನು ಪರೀಕ್ಷಿಸಿದ. ಓದು ಅಣ್ಣ, ಎಂದು ಇವನ ಒಳಗೆ ಯಾರೋ ಅಂಗಲಾಚುತ್ತಿದ್ದರು. ಅಣ್ಣ ಅಂಗಿಯ ತುದಿಯನ್ನು ಎಳೆದುಕೊಂಡ. ಮೂವತ್ತು ವರ್ಷ ಗಾಜಿನ ಮೇಲಿನ ಕಲೆ ತೆಗೆದ ಹಾಗೆಯೇ, ಸುತ್ತು ಸುತ್ತಾಗಿ, ಅವಸರವಿಲ್ಲದೆ, ಆ ಅಕ್ಷರಗಳನ್ನು ಒರೆಸಿದ. ಪೂರ್ತಿ ಹೋಯಿತೇ ಎಂದು ಮತ್ತೊಮ್ಮೆ ಬಾಗಿ ನೋಡಿದ. ಹೋಗಿತ್ತು. ಕೆಲಸ ಮುಗಿದವನ ಸಮಾಧಾನ ಮುಖದಲ್ಲಿ ಬಂತು, ಅದು ಹಾಗೇ ಕರಗಿ, ಅದರ ಜಾಗಕ್ಕೆ ಏನೂ ಬರಲಿಲ್ಲ.

ಕಟ್ ಹೇಳಬೇಕು. ಒಂದೇ ಅಕ್ಷರದಷ್ಟು ಮಾತು. ಅವನು ಹೇಳದೆ ಯಾರೂ ಹೇಳುವ ಹಾಗಿಲ್ಲ. ಅವನೇ ಪಳಗಿಸಿದ ಜನ. ಸುತ್ತಲೂ ಹನ್ನೊಂದು ಜನ ಅವನ ಬಾಯನ್ನೇ ನೋಡುತ್ತಿದ್ದರು. ನಟಿಯ ಕಣ್ಣುಗಳೂ ಕ್ಯಾಮೆರಾ ದಾಟಿ ಇವನ ಕಡೆ ಓಡಾಡತೊಡಗಿದವು. ಗಡಿಯಾರದಕ್ಕನ ಹೆಬ್ಬೆರಳು ಗುಂಡಿಯ ಮೇಲಿತ್ತು. ಅವನು ಬಾಯಿ ತೆರೆದ. ಗಾಳಿ ಮಾತ್ರ ಹೊರಟಿತು.

ಆಗ ಅಣ್ಣ ತಲೆ ಎತ್ತಿ ಅವನನ್ನು ನೋಡಿದ. ಕ್ಯಾಮೆರಾ, ದೀಪ, ಜನ ಎಲ್ಲವನ್ನೂ ದಾಟಿ ನೇರ ಅವನನ್ನೇ. ಅಷ್ಟು ಜನ ಅಷ್ಟು ಸುಮ್ಮನೆ ಒಂದು ಕೋಣೆಯಲ್ಲಿ ಉಸಿರು ಹಿಡಿದು ನಿಂತದ್ದು ಅವನಿಗೆ ಬೇರೆ ಏನನ್ನೋ ನೆನಪಿಗೆ ತಂದಿರಬೇಕು. ಹುಬ್ಬು ಮೇಲೇರಿಸಿ, ಗೋಡೆಯ ಕಡೆ ಕಣ್ಣಲ್ಲೇ ತೋರಿಸಿ, ತುಟಿ ಮಾತ್ರ ಅಲುಗಿಸಿ ಕೇಳಿದ:

"ಅಪ್ಪ ಎದ್ರಾ?"

ಅಪ್ಪ ಹೋಗಿ ಮೂವತ್ತೆಂಟು ವರ್ಷವಾಗಿತ್ತು.

ತಮ್ಮನ ಕೈ ತಾನಾಗಿ ಮೇಲೆದ್ದಿತು. ಎದ್ದರು ಎನ್ನಬಹುದಿತ್ತು, ಅಂಗೈ ಮೇಲೆ ಮಾಡಿದರೆ ಸಾಕಿತ್ತು. ಇನ್ನು ಮಾತಾಡಬಹುದು ಎಂದು ತಿಳಿದು ಅಣ್ಣ ಏನಾದರೂ ಮಾತಾಡುತ್ತಿದ್ದ. ಏನು ಮಾತಾಡಿಯಾನು, ಯಾರ ಮುಂದೆ, ಎಂದು ಅವನಿಗೆ ಭಯವಾಯಿತು. ಅಂಗೈಯನ್ನು ಕೆಳಮುಖ ಮಾಡಿದ. ಇಲ್ಲ. ಮಲಗಿದ್ದಾರೆ.

ಅಣ್ಣ ಅರ್ಥವಾಯಿತೆಂದು ತಲೆಯಾಡಿಸಿದ. ಸದ್ದಾಗದ ಹಾಗೆ ಕುರ್ಚಿಯನ್ನು ಎರಡೂ ಕೈಯಲ್ಲಿ ಎತ್ತಿ, ಕಾಲು ನೆಲಕ್ಕೆ ತಾಗಿದ್ದು ಕೇಳಿಸದಷ್ಟು ಮೆಲ್ಲಗೆ ಇಟ್ಟು, ಕೂತ. ಪಕ್ಕದ ಖಾಲಿ ಕುರ್ಚಿಯನ್ನು ತೋರಿಸಿ ಕಣ್ಣಲ್ಲೇ ಕರೆದ.

ನಿರ್ದೇಶಕ ಎದ್ದ. ಮೊಣಕಾಲು ತಾಗಿ ಸ್ಟೂಲು ಉರುಳಿತು. ಟೇಕು ನಡೆಯುವಾಗ ಅವನ ಸೆಟ್ಟಿನಲ್ಲಿ ಹಾಗೊಂದು ಸದ್ದಾದದ್ದೇ ಇಲ್ಲ. ಕ್ಯಾಮೆರಾದ ಮುಂದಿನಿಂದಲೇ ನಡೆದುಹೋದ. ಈ ಶಾಟನ್ನು ಕೆಡಿಸಬೇಕು, ಇದನ್ನು ಯಾರೂ ಎಂದೂ ಬಳಸದ ಹಾಗೆ, ತಾನೂ ಬಳಸದ ಹಾಗೆ ಮಾಡಬೇಕು ಎಂಬುದೊಂದೇ ಆ ಕ್ಷಣಕ್ಕೆ ಅವನಿಗೆ ಹೊಳೆದ ದಾರಿ. ಹೋಗಿ ಅಣ್ಣನ ಪಕ್ಕದ ಕುರ್ಚಿಯಲ್ಲಿ ಕೂತ. ನಟಿ ಗೋಡೆಯ ಕಡೆ ಸರಿದು ಮುಖ ತಿರುಗಿಸಿಕೊಂಡಳು.

ಎದುರಿಗೆ ಕ್ಯಾಮೆರಾದ ಕೆಂಪು ಚುಕ್ಕೆ ಉರಿಯುತ್ತಲೇ ಇತ್ತು. ಅವನು ಕಟ್ ಹೇಳಿರಲಿಲ್ಲ. ಕ್ಯಾಮೆರಾದವನು ಕಟ್ಟಳೆಯಂತೆ ನಿಲ್ಲಿಸಿರಲಿಲ್ಲ. ಕಿಟಕಿಯ ಬೆಳಕು ಎಡದಿಂದ ಬಂದು ಅಣ್ಣನ ಕೆನ್ನೆಯ ಮೇಲೆ ಬಿದ್ದಿತ್ತು. ಒಳ್ಳೆಯ ಬೆಳಕು. ಕೂತ ಮನುಷ್ಯನ ಕಣ್ಣಿನೆತ್ತರಕ್ಕೆ ಕ್ಯಾಮೆರಾ, ಖಾಲಿ ಕೋಣೆ, ಎರಡು ಕುರ್ಚಿ, ಇಬ್ಬರು ಮುದುಕರು. ಇದನ್ನೆಲ್ಲ ತಾನು ಈಗಲೂ ನೋಡುತ್ತಿದ್ದೇನೆ, ಚೌಕಟ್ಟಿನೊಳಗೆ ಕೂತುಕೊಂಡೇ ಚೌಕಟ್ಟನ್ನು ಅಳೆಯುತ್ತಿದ್ದೇನೆ ಎಂದು ಅವನಿಗೆ ತಿಳಿಯಿತು. ಕೆಡಿಸಲು ಬಂದದ್ದು ಕೆಟ್ಟಿರಲಿಲ್ಲ. ಕಣ್ಣು ಮುಚ್ಚಿಕೊಂಡ. ಮುಚ್ಚಿದರೂ ಕಾಣುತ್ತಿತ್ತು.

ಅವನ ಬಲಗಾಲು ನೆಲ ಕುಟ್ಟತೊಡಗಿತ್ತು. ಅವನಿಗೇ ಗೊತ್ತಾಗಲಿಲ್ಲ. ಖಾಲಿ ಕೋಣೆಯಲ್ಲಿ ಆ ಸದ್ದು ದೊಡ್ಡದಾಗಿ ಕೇಳುತ್ತಿತ್ತು. ಅಣ್ಣ ಗೋಡೆಯ ಕಡೆ ಒಮ್ಮೆ ಆತಂಕದಿಂದ ನೋಡಿ, ಬಾಗಿ, ತಮ್ಮನ ಮಂಡಿಯ ಮೇಲೆ ಕೈ ಇಟ್ಟ. ಒತ್ತಲಿಲ್ಲ, ಸುಮ್ಮನೆ ಇಟ್ಟ.

ಕಾಲು ನಿಂತಿತು. ಮೂಲೆಯಲ್ಲಿ ಗಡಿಯಾರದಕ್ಕ ಸ್ಟಾಪ್‌ವಾಚನ್ನು ಕೊರಳಿಂದ ತೆಗೆದು, ಮುಖ ಕೆಳಗಾಗಿ, ಪುಸ್ತಕದ ಮೇಲೆ ಇಟ್ಟಳು.